ಬಡ್ತಿ ಯಾರ ಕೃಪೆಯೂ ಅಲ್ಲ

(ಸರ್ಕಾರಿ ಕೆಲಸಕ್ಕೆ ಹೊಸದಾಗಿ ಸೇರಿದ ಹಾಗೂ ಸೇರಲು ತಯಾರಿ ನಡೆಸಿರುವ ತರುಣ ತರುಣಿಯರ ಸಭೆಯಲ್ಲಿ ನಿವೃತ್ತ ನೌಕರರೊಬ್ಬರು ಆಡಿದ ಮಾತುಗಳ ಬರಹ ರೂಪ)



ನಿಮ್ಮಲ್ಲಿ ಅರ್ಧ ಮಂದಿ ವಿಜಯನಗರದ ಕೋಚಿಂಗ್ ಸೆಂಟರುಗಳಲ್ಲಿ ಕೂತು ಎಸ್.ಡಿ.ಎ., ಎಫ್.ಡಿ.ಎ., ಕೆ.ಎ.ಎಸ್. ಅಂತ ಹಗಲು ರಾತ್ರಿ ಓದುತ್ತಿದ್ದೀರಿ. ಇನ್ನರ್ಧ ಮಂದಿ ಆದೇಶ ಪತ್ರ ಕೈಗೆ ಬಂದು ಈಗಾಗಲೇ ಕಚೇರಿಯ ಮೇಜಿನ ಹಿಂದೆ ಕೂತಿದ್ದೀರಿ. ಕೆಲಸ ಸಿಗುವ ತನಕ ಏನು ಓದಬೇಕು ಅಂತ ಹೇಳುವವರು ಬೀದಿಗೆ ಹತ್ತು ಮಂದಿ ಇದ್ದಾರೆ. ಕೆಲಸ ಸಿಕ್ಕ ಮೇಲೆ ಮೂವತ್ತು ವರ್ಷ ಏನು ಓದುತ್ತಿರಬೇಕು ಅಂತ ಹೇಳುವವರು ಎಷ್ಟು ಜನ ಇದ್ದಾರೆ? ಅದನ್ನು ಹೇಳುವುದಕ್ಕೇ ನಾನು ಇವತ್ತು ಬಂದಿದ್ದೇನೆ.

ನಾನು ವಕೀಲನಲ್ಲ. ಪಂಡಿತನೂ ಅಲ್ಲ. ಎಸ್.ಡಿ.ಎ. ಆಗಿ ಸೇರಿ, ಸಲ್ಲಬೇಕಾಗಿದ್ದ ಜಾಗಕ್ಕಿಂತ ಒಂದು ಮೆಟ್ಟಿಲು ಕೆಳಗೇ ನಿವೃತ್ತನಾದವನು. ಆ ಒಂದು ಮೆಟ್ಟಿಲು ಯಾಕೆ ತಪ್ಪಿತು ಎಂಬುದನ್ನು ಮೊದಲು ಹೇಳಿಬಿಡುತ್ತೇನೆ.

1994ರಲ್ಲಿ ನಮ್ಮ ಇಲಾಖೆಯಲ್ಲಿ ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿ ಹೊರಟಿತು. ಆಕ್ಷೇಪಣೆ ಇದ್ದರೆ ಇಷ್ಟು ದಿನದೊಳಗೆ ಸಲ್ಲಿಸಿ ಅಂತ ಸುತ್ತೋಲೆ. ಜವಾನ ತಂದು ಮುಂದಿಟ್ಟ. ಎಲ್ಲರೂ ಸಹಿ ಹಾಕಿದ್ದರು, ನಾನೂ ಹಾಕಿದೆ. ಓದಲಿಲ್ಲ! ಓದಿದ್ದರೆ ನನ್ನ ಹೆಸರಿನ ಮುಂದಿನ ಕೊನೆಯ ಕಾಲಂನಲ್ಲಿ 'ಇಲಾಖಾ ಪರೀಕ್ಷೆ ತೇರ್ಗಡೆಯಾಗಿಲ್ಲ' ಅಂತ ಬರೆದದ್ದು ಕಾಣುತ್ತಿತ್ತು. ನಾನು ಅಕೌಂಟ್ಸ್ ಹೈಯರ್, ಜನರಲ್ ಲಾ ಎರಡನ್ನೂ ಪಾಸು ಮಾಡಿ ವರ್ಷಗಳೇ ಆಗಿದ್ದವು. ಆದರೆ ನನ್ನ ಸೇವಾ ಪುಸ್ತಕದಲ್ಲಿ ಅದನ್ನು ನಮೂದಿಸಿರಲಿಲ್ಲ. ಮರುವರ್ಷ ಬಡ್ತಿ ಪಟ್ಟಿ ಬಂತು. ನನಗಿಂತ ಕಿರಿಯರು ಮೂವರು ಮೇಲೆ ಹೋದರು. ನಾನು ಉಳಿದೆ.

ಆಮೇಲೆ ನಾನು ಮಾಡಿದ್ದೇನು? ಮನವಿ ಬರೆದೆ. ಸಾಹೇಬರು 'ನೋಡೋಣ' ಅಂದರು. ಇನ್ನೊಂದು ಮನವಿ ಬರೆದೆ. ಅವರು ವರ್ಗವಾಗಿ ಬೇರೆಯವರು ಬಂದರು. ಮತ್ತೊಂದು ಬರೆದೆ. ಹೀಗೆ ಆರು ವರ್ಷ. ಕೊನೆಗೆ 2001ರಲ್ಲಿ ಆಡಳಿತ ನ್ಯಾಯಮಂಡಳಿಗೆ ಹೋದಾಗ ಅರ್ಜಿ ವಜಾ ಆಯಿತು. ನನ್ನ ವಾದ ಸುಳ್ಳು ಅಂತ ಅಲ್ಲ, ತಡವಾಯಿತು ಅಂತ. ಅಷ್ಟರಲ್ಲಿ ನನಗೂ ಬಡ್ತಿ ಸಿಕ್ಕಿತ್ತು, ಆದರೆ ಹಿಂದೆ ಬಿದ್ದ ಜ್ಯೇಷ್ಠತೆ ಹಿಂದೆಯೇ ಉಳಿಯಿತು. ಇವತ್ತಿಗೂ ಪ್ರತಿ ತಿಂಗಳ ಪಿಂಚಣಿಯಲ್ಲಿ ಆ ಒಂದು ಸಹಿಯ ದಂಡ ಕಟ್ಟುತ್ತಿದ್ದೇನೆ.

ತಪ್ಪು ಇಲಾಖೆಯದು ಅಂತ ಬೈದುಕೊಂಡು ಬಹಳ ವರ್ಷ ಕಳೆದೆ. ಅರ್ಧ ನಿಜ. ಇನ್ನರ್ಧ ತಪ್ಪು ಓದದೆ ಸಹಿ ಹಾಕಿದ ನನ್ನದು.

ಹಕ್ಕು ಯಾವುದು, ಹಕ್ಕಲ್ಲದ್ದು ಯಾವುದು?

'ಬಡ್ತಿ ನನ್ನ ಹಕ್ಕು' ಅಂತ ನೌಕರರು ಎದೆ ತಟ್ಟಿ ಹೇಳುತ್ತಾರೆ. 'ಬಡ್ತಿ ಸರ್ಕಾರದ ಇಷ್ಟ' ಅಂತ ಅಧಿಕಾರಿಗಳು ಮೀಸೆ ತಿರುವುತ್ತಾರೆ. ಎರಡೂ ತಪ್ಪು. ಬಡ್ತಿ ಹಕ್ಕಲ್ಲ. ಆದರೆ ಅರ್ಹನಾದ ಪ್ರತಿಯೊಬ್ಬನನ್ನೂ ಅವನ ಸರದಿ ಬಂದಾಗ ಬಡ್ತಿಗೆ ಪರಿಗಣಿಸಲೇಬೇಕು. ಅದು ಹಕ್ಕು. ಸಂವಿಧಾನದ 16(1)ನೇ ವಿಧಿ ಕೊಟ್ಟ ಮೂಲಭೂತ ಹಕ್ಕು. 1999ರಲ್ಲಿ ಅಜಿತ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ಇದನ್ನು ಬಿಡಿಸಿ ಹೇಳಿದೆ.

ಇದಕ್ಕಿಂತ ಮೂರು ದಶಕ ಮೊದಲೇ, ನಮ್ಮ ರಾಜ್ಯಕ್ಕೆ ಇನ್ನೂ ಮೈಸೂರು ಎಂಬ ಹೆಸರಿದ್ದಾಗ, ಸೈಯದ್ ಮಹಮೂದ್ ಎಂಬ ನೌಕರರ ಮೊಕದ್ದಮೆ ನಡೆಯಿತು. ಜ್ಯೇಷ್ಠತಾ ಪಟ್ಟಿಯಲ್ಲಿ ಅವರಿಗಿಂತ ಕೆಳಗಿದ್ದವರಿಗೆ ಬಡ್ತಿ ಕೊಟ್ಟರು. ಅವರನ್ನು ಪರಿಗಣಿಸಲೇ ಇಲ್ಲ. ಹೈಕೋರ್ಟು ಅವರಿಗೆ ಬಡ್ತಿ ಕೊಡಿ ಅಂತ ಆದೇಶಿಸಿತು. 1968ರಲ್ಲಿ ಸುಪ್ರೀಂ ಕೋರ್ಟು ಅದನ್ನು ತಿದ್ದಿತು. ನ್ಯಾಯಾಲಯ ತಾನೇ ಬಡ್ತಿ ಕೊಡಬಾರದು, ಆದರೆ ಅಂದು ಪರಿಗಣಿಸಬೇಕಾಗಿದ್ದ ದಿನದಿಂದ ಇವರ ಅರ್ಹತೆಯನ್ನು ಪರಿಗಣಿಸಿ ಅಂತ ಸರ್ಕಾರಕ್ಕೆ ಹೇಳಬಹುದು ಎಂದಿತು. ಈ ವ್ಯತ್ಯಾಸ ಮನಸ್ಸಿನಲ್ಲಿರಲಿ. ನ್ಯಾಯಾಲಯಕ್ಕೆ ಹೋಗಿ 'ನನಗೆ ಕುರ್ಚಿ ಕೊಡಿ' ಅಂದರೆ ಕೆಲಸವಾಗುವುದಿಲ್ಲ. 'ನನ್ನನ್ನು ಲೆಕ್ಕಕ್ಕೇ ತೆಗೆದುಕೊಳ್ಳಲಿಲ್ಲ' ಅಂತ ದಾಖಲೆ ಸಮೇತ ತೋರಿಸಿದರೆ ನ್ಯಾಯಾಲಯ ಕಿವಿಗೊಡುತ್ತದೆ.

ಅರ್ಹತೆ ಎಂಬುದು ಎಲ್ಲಿ ಬರೆದಿದೆ?

ಅರ್ಹತೆ ಸಾಹೇಬರ ತಲೆಯಲ್ಲಿ ಇರುವುದಲ್ಲ. ಪ್ರತಿ ಇಲಾಖೆಗೂ ವೃಂದ ಮತ್ತು ನೇಮಕಾತಿ ನಿಯಮಗಳು ಇವೆ, ರಾಜ್ಯಪತ್ರದಲ್ಲಿ ಅಚ್ಚಾಗಿವೆ. ಯಾವ ಹುದ್ದೆಯಲ್ಲಿ ಎಷ್ಟು ಭಾಗ ನೇರ ನೇಮಕಾತಿ, ಎಷ್ಟು ಭಾಗ ಬಡ್ತಿ, ಕೆಳಗಿನ ಹುದ್ದೆಯಲ್ಲಿ ಎಷ್ಟು ವರ್ಷದ ಸೇವೆ ಆಗಿರಬೇಕು, ಯಾವ ಇಲಾಖಾ ಪರೀಕ್ಷೆ ಆಗಿರಬೇಕು, ಎಲ್ಲವೂ ಅದರಲ್ಲಿದೆ. ಇದರ ಮೇಲೆ ಎಲ್ಲ ಇಲಾಖೆಗೂ ಅನ್ವಯಿಸುವ 1977ರ ಸಾಮಾನ್ಯ ನೇಮಕಾತಿ ನಿಯಮಗಳು, 1957ರ ಜ್ಯೇಷ್ಠತಾ ನಿಯಮಗಳು ಇವೆ. ಜೊತೆಗೆ ಪ್ರೊಬೇಷನ್ ಮುಗಿದಿದೆ ಅಂತ ಆದೇಶ ಆಗಿರಬೇಕು. ಮೇಲಧಿಕಾರಿ ಬರೆಯುವ ಕಾರ್ಯನಿರ್ವಹಣಾ ವರದಿ ಸರಿ ಇರಬೇಕು. ಮೈಮೇಲೆ ಇಲಾಖಾ ವಿಚಾರಣೆ ಇರಬಾರದು.

ಕನ್ನಡದ ಮಾತೂ ಇಲ್ಲಿ ಬರುತ್ತದೆ. 1974ರ ನಿಯಮಗಳ ಪ್ರಕಾರ ರಾಜ್ಯ ಸರ್ಕಾರಿ ನೌಕರರು ಇಲಾಖಾ ಪರೀಕ್ಷೆಯ ಜೊತೆಗೆ ಕನ್ನಡ ಭಾಷಾ ಪರೀಕ್ಷೆಯನ್ನೂ ಪಾಸು ಮಾಡಬೇಕು. ಎಸ್.ಎಸ್.ಎಲ್.ಸಿ.ಯಲ್ಲಿ ಕನ್ನಡ ಓದಿದವರಿಗೆ ವಿನಾಯಿತಿ ಇದೆ. ಇದು ತಾರತಮ್ಯ ಅಂತ ಕೆಲವರು ಗೊಣಗುತ್ತಾರೆ. 16(2)ನೇ ವಿಧಿ ತೆಗೆದು ನೋಡಿ. ಧರ್ಮ, ಜನಾಂಗ, ಜಾತಿ, ಲಿಂಗ, ವಂಶ, ಹುಟ್ಟಿದ ಊರು, ವಾಸಸ್ಥಳ, ಇವುಗಳ ಕಾರಣಕ್ಕಾಗಿಯೇ ಸರ್ಕಾರಿ ಕೆಲಸದಲ್ಲಿ ಭೇದ ಮಾಡಬಾರದು ಎಂದಿದೆ. ಭಾಷೆ ಆ ಪಟ್ಟಿಯಲ್ಲಿ ಇಲ್ಲ. ಜನರ ಅರ್ಜಿ ಓದಲು ಜನರ ಭಾಷೆ ಬರಬೇಕು ಅನ್ನುವುದು ಕೆಲಸಕ್ಕೆ ಬೇಕಾದ ಯೋಗ್ಯತೆ, ಭೇದವಲ್ಲ. ಆದರೆ ನಾವೂ ನೆನಪಿಡಬೇಕು. ಪರೀಕ್ಷೆ ಎಲ್ಲರಿಗೂ ಒಂದೇ ಅಳತೆಯದಾಗಿರಬೇಕು. ಹುಟ್ಟಿದ ಊರು ನೋಡಿ ಒಬ್ಬನನ್ನು ಕೆಳಗಿಳಿಸಿದರೆ ಅದು ಭೇದವೇ, ಅದನ್ನು ನಮ್ಮವರೇ ಮಾಡಿದರೂ.

ಇನ್ನೊಂದು ಭ್ರಮೆ ಇದೆ. 'ಹುದ್ದೆ ಖಾಲಿಯಾದ ದಿನ ಯಾವ ನಿಯಮ ಇತ್ತೋ ಅದರಂತೆಯೇ ತುಂಬಬೇಕು' ಅಂತ ಹಳೆಯ ನೌಕರರು ಹೇಳುತ್ತಾರೆ. 1983ರ ರಂಗಯ್ಯ ತೀರ್ಪಿನಿಂದ ಬಂದ ಮಾತು ಅದು. 2022ರ ಮೇ ತಿಂಗಳಲ್ಲಿ ಹಿಮಾಚಲ ಪ್ರದೇಶದ ರಾಜ್‌ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಆ ತೀರ್ಪನ್ನು ತಳ್ಳಿಹಾಕಿದೆ. ಅಂಥ ಸಾರ್ವತ್ರಿಕ ನಿಯಮ ಇಲ್ಲ, ಪರಿಗಣಿಸುವ ದಿನ ಜಾರಿಯಲ್ಲಿರುವ ನಿಯಮವೇ ನಿಯಮ ಎಂದಿದೆ. ನಿಯಮ ತಿದ್ದುಪಡಿಯಾಗುವ ಮುನ್ನ ಕರಡು ರಾಜ್ಯಪತ್ರದಲ್ಲಿ ಬಂದಾಗ ನೀವು ಸುಮ್ಮನಿದ್ದರೆ, ಆಮೇಲೆ ಅತ್ತು ಪ್ರಯೋಜನವಿಲ್ಲ.

ಮುಚ್ಚಿದ ಲಕೋಟೆ, ಮುಚ್ಚಿದ ವರದಿ

ಬಡ್ತಿ ತಪ್ಪಿಸುವ ಹಳೆಯ ಉಪಾಯ ಎರಡು. ಒಂದು, ನಿಮ್ಮ ಮೇಲೆ ಯಾರಿಂದಲೋ ಒಂದು ದೂರು ಬರೆಸುವುದು. ಬಡ್ತಿ ಸಮಿತಿ ಕೂರುವ ಹೊತ್ತಿಗೆ 'ಇವರ ಮೇಲೆ ತನಿಖೆ ಬಾಕಿ' ಅನ್ನುವುದು. 1991ರ ಜಾನಕಿರಾಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದಕ್ಕೆ ಲಗಾಮು ಹಾಕಿತು. ಸಮಿತಿಯ ತೀರ್ಮಾನವನ್ನು ಮೊಹರು ಮಾಡಿದ ಲಕೋಟೆಯಲ್ಲಿ ಇಡಬೇಕಾದರೆ ದೋಷಾರೋಪ ಪಟ್ಟಿ ಕೊಟ್ಟಿರಬೇಕು. ಬರೀ ಪ್ರಾಥಮಿಕ ತನಿಖೆ, ಬರೀ ದೂರು ಸಾಲದು. ವಿಚಾರಣೆಯಲ್ಲಿ ನೀವು ಪೂರ್ತಿ ನಿರ್ದೋಷಿ ಅಂತಾದರೆ ಲಕೋಟೆ ತೆರೆಯಬೇಕು.

ಎರಡನೆಯದು ಇನ್ನೂ ನಯವಾದದ್ದು. ಹಿಂದೆ ಗೌಪ್ಯ ವರದಿ ಅನ್ನುತ್ತಿದ್ದರು. ಮೇಲಧಿಕಾರಿ ಏನು ಬರೆದರು ಅಂತ ನಿಮಗೆ ತಿಳಿಯುತ್ತಲೇ ಇರಲಿಲ್ಲ. ಕೆಟ್ಟ ಷರಾ ಇದ್ದರೆ ಮಾತ್ರ ತಿಳಿಸುತ್ತಿದ್ದರು. ಗಡಿ ರಸ್ತೆ ಸಂಸ್ಥೆಯ ಎಂಜಿನಿಯರ್ ದೇವ್ ದತ್ ಎಂಬುವವರಿಗೆ ಒಂದು ವರ್ಷ 'ಉತ್ತಮ' ಅಂತ ಬರೆದಿದ್ದರು. ಉತ್ತಮ ಅಂದರೆ ಒಳ್ಳೆಯದೇ ತಾನೇ? ಆದರೆ ಬಡ್ತಿಗೆ ಬೇಕಾಗಿದ್ದದ್ದು ಐದೂ ವರ್ಷ 'ಅತ್ಯುತ್ತಮ'. ಆ ಒಂದು 'ಉತ್ತಮ' ಅವರ ಬಡ್ತಿಯನ್ನು ನುಂಗಿತು, ಅವರಿಗೆ ತಿಳಿಯದಂತೆಯೇ! 2008ರಲ್ಲಿ ಸುಪ್ರೀಂ ಕೋರ್ಟು ಪ್ರತಿ ವರ್ಷದ ಪ್ರತಿ ಷರಾವನ್ನೂ, ಒಳ್ಳೆಯದಿರಲಿ ಕೆಟ್ಟದ್ದಿರಲಿ, ನೌಕರನಿಗೆ ತಿಳಿಸಲೇಬೇಕು ಎಂದಿತು. ತಿಳಿದರೆ ತಾನೇ ಆಕ್ಷೇಪಣೆ ಸಲ್ಲಿಸಲು ಸಾಧ್ಯ?

ಕೊಡಗಿನ ಒಬ್ಬ ಹೆಣ್ಣುಮಗಳು

ಈಗ ತಾರತಮ್ಯದ ವಿಷಯ. ನಮ್ಮ ಕೊಡಗಿನ ಸಿ.ಬಿ. ಮುತ್ತಮ್ಮ ಅವರ ಹೆಸರು ನಿಮ್ಮಲ್ಲಿ ಎಷ್ಟು ಮಂದಿಗೆ ಗೊತ್ತು? ಭಾರತೀಯ ವಿದೇಶಾಂಗ ಸೇವೆ ಸೇರಿದ ಮೊದಲ ಮಹಿಳೆ ಅವರು, 1949ರಲ್ಲಿ. ಆ ಸೇವೆಯ ನಿಯಮ ಹೇಗಿತ್ತು ನೋಡಿ. ಹೆಣ್ಣು ಅಧಿಕಾರಿ ಮದುವೆಯಾಗಬೇಕಾದರೆ ಸರ್ಕಾರದ ಲಿಖಿತ ಅನುಮತಿ ಬೇಕು. ಮದುವೆಯಾದ ಮೇಲೆ ಸಂಸಾರದಿಂದ ಕೆಲಸಕ್ಕೆ ಅಡ್ಡಿ ಅಂತ ಸರ್ಕಾರಕ್ಕೆ ಅನ್ನಿಸಿದರೆ ರಾಜೀನಾಮೆ ಕೇಳಬಹುದು. ಗಂಡಸಿಗೆ ಇಂಥ ಒಂದೂ ಷರತ್ತು ಇಲ್ಲ. ಅವನಿಗೇನು ಸಂಸಾರವೇ ಇಲ್ಲವೇ?

ಉನ್ನತ ದರ್ಜೆಯ ಬಡ್ತಿಯಲ್ಲಿ ತಮ್ಮನ್ನು ಹಿಂದೆ ಹಾಕಿದ್ದಾರೆ, ಹೆಣ್ಣೆಂಬುದೇ ಕಾರಣ ಅಂತ ಮುತ್ತಮ್ಮ ಸುಪ್ರೀಂ ಕೋರ್ಟಿಗೆ ಹೋದರು. ಮೊಕದ್ದಮೆ ವಿಚಾರಣೆಗೆ ಬರುವ ಹೊತ್ತಿಗೆ ಸರ್ಕಾರ ಅವರಿಗೆ ಬಡ್ತಿ ಕೊಟ್ಟುಬಿಟ್ಟಿತು. ಹಾಗಾಗಿ 1979ರಲ್ಲಿ ಅರ್ಜಿ ವಜಾ ಆಯಿತು. ಆದರೆ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಅವರು ಆ ನಿಯಮಗಳನ್ನು ಚೆನ್ನಾಗಿ ಝಾಡಿಸಿದರು. ಲಿಂಗಭೇದದ ಕಲೆ ತೊಳೆಯುವ ಹಾಗೆ ಸೇವಾ ನಿಯಮಗಳನ್ನೇ ಪರಿಷ್ಕರಿಸಿ, ಆಕೆಯ ಜ್ಯೇಷ್ಠತೆಯನ್ನೂ ಮರುಪರಿಶೀಲಿಸಿ ಅಂತ ಸರ್ಕಾರಕ್ಕೆ ಹೇಳಿದರು. ಅರ್ಜಿ ಸೋತು ಹೋರಾಟ ಗೆದ್ದದ್ದಕ್ಕೆ ಇದಕ್ಕಿಂತ ಉದಾಹರಣೆ ಬೇಕೇ?

ಮುತ್ತಮ್ಮನವರ ಕಾಲದ ನಿಯಮದಲ್ಲಿ ಭೇದ ಹಣೆಯ ಮೇಲೇ ಬರೆದಿತ್ತು. ಈಗ ಹಾಗೆ ಬರೆಯುವ ದಡ್ಡರು ಕಡಿಮೆ. ನಿಯಮ ಎಲ್ಲರಿಗೂ ಒಂದೇ ಇರುತ್ತದೆ, ಪೆಟ್ಟು ಮಾತ್ರ ಒಬ್ಬರಿಗೇ ಬೀಳುತ್ತದೆ. 2021ರ ಮಾರ್ಚಿನಲ್ಲಿ ಲೆಫ್ಟಿನೆಂಟ್ ಕರ್ನಲ್ ನಿತಿಶಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ನೋಡಿದ್ದು ಇದನ್ನೇ. ಅದು ಸೇನೆಯಲ್ಲಿ ಮಹಿಳಾ ಅಧಿಕಾರಿಗಳ ಕಾಯಂ ನೇಮಕದ ಪ್ರಶ್ನೆ, ಆದರೆ ತತ್ವ ಬಡ್ತಿಗೂ ಬೇಕಾದದ್ದು. ಗಂಡಸರನ್ನು ಸೇವೆಯ ಐದನೆಯ ಅಥವಾ ಹತ್ತನೆಯ ವರ್ಷದಲ್ಲಿ, ಹರೆಯದಲ್ಲಿ ಇದ್ದಾಗ, ದೇಹದಾರ್ಢ್ಯ ನೋಡಿ ಕಾಯಂ ಮಾಡಿದ್ದರು. ಹೆಂಗಸರಿಗೆ ಆಗ ಆ ಬಾಗಿಲೇ ತೆರೆದಿರಲಿಲ್ಲ. ಬಾಗಿಲು ತೆರೆದಾಗ ಅನೇಕರಿಗೆ ನಲವತ್ತು ದಾಟಿತ್ತು. ಅದೇ ಅಳತೆ ಹಿಡಿದು 'ನೀವು ಅನರ್ಹರು' ಅಂದರು. ನಿಯಮ ಒಂದೇ, ನ್ಯಾಯ ಒಂದೇ ಆಯಿತೇ? ಇಲ್ಲ, ಇದು ಪರೋಕ್ಷ ತಾರತಮ್ಯ ಅಂತ ನ್ಯಾಯಾಲಯ ಹೇಳಿತು. ಉದ್ದೇಶ ಕೆಟ್ಟದ್ದಾಗಿರಬೇಕಿಲ್ಲ, ಪರಿಣಾಮ ನೋಡಬೇಕು ಎಂದಿತು.

ಅಂಗವಿಕಲ ಗೆಳೆಯರಿಗೆ ಒಂದು ಮಾತು. ಬಡ್ತಿಯಲ್ಲಿ ನಿಮಗೆ ಮೀಸಲಾತಿ ಇಲ್ಲ ಅಂತ ಯಾರಾದರೂ ಹೇಳಿದರೆ ನಂಬಬೇಡಿ. ನಮ್ಮ ರಾಜ್ಯದಿಂದಲೇ ಹೋದ ಸಿದ್ದರಾಜು ಪ್ರಕರಣದಲ್ಲಿ 2020ರ ಜನವರಿಯಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಅದನ್ನು ಎತ್ತಿಹಿಡಿದಿದೆ.

ಒಂದೇ ಕಚೇರಿಯ ಎರಡು ಮೇಜು

ಇನ್ನು ನಮ್ಮ ಕಚೇರಿಗಳಲ್ಲಿ ಅಣ್ಣತಮ್ಮಂದಿರಂತೆ ಇದ್ದವರನ್ನು ಬೇರೆ ಬೇರೆ ಊಟದ ಡಬ್ಬಿ ತೆರೆಯುವ ಹಾಗೆ ಮಾಡಿದ ವಿಷಯ. ಬಡ್ತಿ ಮೀಸಲಾತಿ. ಇದನ್ನು ಕೂಗಾಡದೆ ಕೇಳಿ.

ನಮ್ಮ ರಾಜ್ಯದಲ್ಲಿ 1978ರ ಆದೇಶದಿಂದ ಬಡ್ತಿಯಲ್ಲಿ ಪರಿಶಿಷ್ಟ ಜಾತಿಗೆ ಶೇ. 15, ಪರಿಶಿಷ್ಟ ಪಂಗಡಕ್ಕೆ ಶೇ. 3 ಮೀಸಲಾತಿ ಬಂತು. 1992ರಲ್ಲಿ ಇಂದ್ರಾ ಸಾಹ್ನಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಬಡ್ತಿಯಲ್ಲಿ ಮೀಸಲಾತಿ ಸಲ್ಲದು ಅಂದಿತು. 1995ರಲ್ಲಿ ಸಂಸತ್ತು ಸಂವಿಧಾನಕ್ಕೇ 77ನೇ ತಿದ್ದುಪಡಿ ತಂದು 16(4ಎ) ವಿಧಿ ಸೇರಿಸಿತು.

ಜಗಳ ಅಲ್ಲಿಗೆ ಮುಗಿಯಲಿಲ್ಲ. ಇಬ್ಬರು ನೌಕರರಿದ್ದಾರೆ ಅಂದುಕೊಳ್ಳಿ. ಒಬ್ಬರು ಹಿರಿಯರು, ಸಾಮಾನ್ಯ ವರ್ಗ. ಇನ್ನೊಬ್ಬರು ಕಿರಿಯರು, ರೋಸ್ಟರ್ ಬಿಂದುವಿನಲ್ಲಿ ಮೊದಲು ಬಡ್ತಿ ಪಡೆದರು. ಎರಡು ವರ್ಷ ಬಿಟ್ಟು ಹಿರಿಯರೂ ಅದೇ ಹುದ್ದೆಗೆ ಬಂದರು. ಈಗ ಯಾರು ಹಿರಿಯರು? ಮೊದಲು ಬಂದವರೇ ಅಂದರೆ ಅದು ತತ್ಪರಿಣಾಮ ಜ್ಯೇಷ್ಠತೆ. ಹಳೆಯ ಹಿರಿತನ ಮತ್ತೆ ಸಿಗುತ್ತದೆ ಅಂದರೆ ಅದು ಅಜಿತ್ ಸಿಂಗ್ ತೀರ್ಪಿನ ದಾರಿ. 2001ರಲ್ಲಿ 85ನೇ ತಿದ್ದುಪಡಿ ಮೊದಲನೆಯದಕ್ಕೆ ಅವಕಾಶ ಕೊಟ್ಟಿತು. ಕರ್ನಾಟಕ 2002ರಲ್ಲಿ ಅದಕ್ಕೆ ತಕ್ಕ ಕಾಯ್ದೆ ಮಾಡಿತು.

2006ರ ನಾಗರಾಜ್ ತೀರ್ಪು ಒಂದು ಷರತ್ತು ಹಾಕಿತ್ತು. ಪ್ರಾತಿನಿಧ್ಯ ಸಾಲದು ಎಂಬುದಕ್ಕೆ ಸರ್ಕಾರ ಅಂಕಿ ಅಂಶ ತೋರಿಸಬೇಕು, ಆಡಳಿತದ ದಕ್ಷತೆಯನ್ನೂ ನೋಡಬೇಕು ಅಂತ. ನಮ್ಮ ಸರ್ಕಾರ ಆ ಲೆಕ್ಕ ಮಾಡಿರಲೇ ಇಲ್ಲ! 2017ರ ಫೆಬ್ರವರಿ 9ರಂದು ಬಿ.ಕೆ. ಪವಿತ್ರ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಆ ಕಾಯ್ದೆಯ ಮುಖ್ಯ ಕಲಂಗಳನ್ನು ರದ್ದು ಮಾಡಿತು. ಜ್ಯೇಷ್ಠತಾ ಪಟ್ಟಿಗಳನ್ನೆಲ್ಲ ತಿರುಗಿ ಬರೆಯಿರಿ ಎಂದಿತು. ಒಂದು ಕಡೆ ಹಿಂಬಡ್ತಿಯ ಭಯ. ಇನ್ನೊಂದು ಕಡೆ ಹದಿನೈದು ವರ್ಷ ಕಾದದ್ದಕ್ಕೆ ಫಲ ಬಂತೆಂಬ ಆಸೆ. ಆಗ ಸರ್ಕಾರಕ್ಕೆ ಎಚ್ಚರವಾಯಿತು. ರತ್ನಪ್ರಭಾ ಸಮಿತಿ ಕೂತು ಇಲಾಖೆವಾರು ಲೆಕ್ಕ ತೆಗೆಯಿತು. ಅದರ ಆಧಾರದ ಮೇಲೆ 2018ರಲ್ಲಿ ಹೊಸ ಕಾಯ್ದೆ ಬಂತು. 2019ರ ಮೇ 10ರಂದು ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. ದಕ್ಷತೆ ಅಂದರೆ ಬರೀ ಪರೀಕ್ಷೆಯ ಅಂಕವಲ್ಲ, ಸಮಾಜದ ಎಲ್ಲ ಪಾಲಿನವರೂ ಇರುವ ಆಡಳಿತವೂ ದಕ್ಷ ಆಡಳಿತವೇ ಅಂತ ನ್ಯಾಯಾಲಯ ಹೇಳಿತು.

ಇದರಿಂದ ನಾನು ಕಲಿತದ್ದು ಹೇಳುತ್ತೇನೆ. 2002ರಲ್ಲಿ ಸಮಿತಿ ಕೂತು ಲೆಕ್ಕ ಮಾಡಿದ್ದರೆ, ಕೊನೆಯ ಪಕ್ಷ 2006ರ ತೀರ್ಪಿನ ಮರುದಿನವಾದರೂ ಮಾಡಿದ್ದರೆ, ಸಾವಿರಾರು ನೌಕರರು ಎರಡು ಬಣವಾಗಿ ಬಡಿದಾಡಬೇಕಾಗಿರಲಿಲ್ಲ. ಪಕ್ಕದ ಮೇಜಿನವನು ನಿಮ್ಮ ಬಡ್ತಿ ಕದ್ದ ಅಂತ ಹೇಳುವ ಪುಢಾರಿಯ ಮಾತು ಕೇಳಬೇಡಿ. ಇಬ್ಬರನ್ನೂ ಅಲೆದಾಡಿಸಿದ್ದು ಲೆಕ್ಕ ಮಾಡದ ಫೈಲು.

ನೀವು ಏನು ಮಾಡಬೇಕು?

ಮಾತು ಮುಗಿಸುವ ಮುಂಚೆ ಬರೆದುಕೊಳ್ಳಿ. ಪೆನ್ನು ಇದೆಯಲ್ಲ?

ಒಂದು. ವರ್ಷಕ್ಕೊಮ್ಮೆ ನಿಮ್ಮ ಸೇವಾ ಪುಸ್ತಕ ತರಿಸಿ ನೋಡಿ. ಪಾಸು ಮಾಡಿದ ಪರೀಕ್ಷೆ, ಪ್ರೊಬೇಷನ್ ಆದೇಶ, ಹುಟ್ಟಿದ ದಿನ, ಎಲ್ಲವೂ ಏರಿದೆಯೇ? ನನಗೆ ಆದದ್ದು ನಿಮಗೆ ಆಗಬಾರದು.

ಎರಡು. ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿ ಬಂದರೆ ಅದು ಬರೀ ಸಹಿ ಹಾಕುವ ಕಾಗದವಲ್ಲ. ಪ್ರತಿ ಕಾಲಂ ಓದಿ. ತಪ್ಪಿದ್ದರೆ ಗಡುವಿನೊಳಗೆ ಲಿಖಿತ ಆಕ್ಷೇಪಣೆ ಕೊಡಿ, ಸ್ವೀಕೃತಿ ಪಡೆಯಿರಿ. ಸ್ವೀಕೃತಿ ಇಲ್ಲದ ಅರ್ಜಿ ಬರೆಯದ ಅರ್ಜಿಗೆ ಸಮ.

ಮೂರು. ಬಡ್ತಿ ತಪ್ಪಿದರೆ ಮೊದಲು ಕಾರಣ ತಿಳಿಯಿರಿ. 2005ರ ಮಾಹಿತಿ ಹಕ್ಕು ಕಾಯ್ದೆ ಇದೆ. ಬಡ್ತಿ ಸಮಿತಿಯ ನಡಾವಳಿಯ ಪ್ರತಿ ಕೇಳಿ. ಜಾತಿಯ ಕಾರಣ, ಹೆಣ್ಣೆಂಬ ಕಾರಣ ಅಂತ ಆರೋಪ ಮಾಡುವ ಮುನ್ನ ನಿಮ್ಮಂಥದೇ ಸ್ಥಿತಿಯಲ್ಲಿದ್ದ ಇನ್ನೊಬ್ಬರನ್ನು ಹೇಗೆ ನಡೆಸಿಕೊಂಡರು ಅಂತ ದಾಖಲೆಯಲ್ಲಿ ತೋರಿಸಿ. ಹೋಲಿಕೆ ಇಲ್ಲದ ತಾರತಮ್ಯದ ಆರೋಪ ಬರೀ ಗೋಳು.

ನಾಲ್ಕು. ಗಡುವು! 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆಯ 21ನೇ ಕಲಂ ಪ್ರಕಾರ ಅಂತಿಮ ಆದೇಶವಾದ ಒಂದು ವರ್ಷದೊಳಗೆ ನ್ಯಾಯಮಂಡಳಿಗೆ ಹೋಗಬೇಕು. ನಿಯಮದಲ್ಲಿರುವ ಮೇಲ್ಮನವಿ ಕೊಟ್ಟು ಆರು ತಿಂಗಳು ಕಾದರೂ ಉತ್ತರ ಬರದಿದ್ದರೆ, ಆ ಆರು ತಿಂಗಳು ಮುಗಿದಲ್ಲಿಂದ ಒಂದು ವರ್ಷ. ತಡವಾದದ್ದಕ್ಕೆ ತಕ್ಕ ಕಾರಣ ಇದ್ದರೆ ಮನ್ನಿಸಬಹುದು, ಆದರೆ ಅದನ್ನು ನೆಚ್ಚಿಕೊಳ್ಳಬೇಡಿ. ಮೇಲಿಂದ ಮೇಲೆ ಮನವಿ ಬರೆದರೆ ಗಡುವು ಬೆಳೆಯುವುದಿಲ್ಲ. ಆರು ವರ್ಷ ಬರೆದು ನಾನು ಕಲಿತ ಪಾಠ ಇದು. ನ್ಯಾಯಮಂಡಳಿಯಲ್ಲೂ ಸೋತರೆ ಹೈಕೋರ್ಟಿನ ವಿಭಾಗೀಯ ಪೀಠ ಇದೆ. 1997ರ ಚಂದ್ರಕುಮಾರ್ ತೀರ್ಪು ಆ ಬಾಗಿಲು ತೆರೆದಿದೆ.

ಐದು. ನಿಮ್ಮ ಜ್ಯೇಷ್ಠತೆ ಮೇಲೆ ಹೋದರೆ ಯಾರದ್ದು ಕೆಳಗೆ ಬರುತ್ತದೋ ಅವರನ್ನೂ ಪ್ರತಿವಾದಿ ಮಾಡಿ. ಅವರ ಮಾತು ಕೇಳದೆ ಅವರ ತಟ್ಟೆಯ ಅನ್ನ ತೆಗೆಯುವ ಆದೇಶ ಯಾವ ನ್ಯಾಯಾಲಯವೂ ಕೊಡುವುದಿಲ್ಲ, ಕೊಡಲೂಬಾರದು.

ಇನ್ನೊಂದು ಮಾತು. ನಾನು ಹೇಳಿದ ತೀರ್ಪುಗಳೆಲ್ಲ ಬರೆದದ್ದು ಇಂಗ್ಲಿಷಿನಲ್ಲಿ. ನಮ್ಮ ತಾಲೂಕು ಕಚೇರಿಯ ಗುಮಾಸ್ತ ಅವನ್ನು ಓದಲಾರ. ಯಾರೋ ಹೇಳಿದ್ದನ್ನು ನಂಬಿ ಅರ್ಜಿ ಹಾಕುತ್ತಾನೆ, ಇಲ್ಲವೇ ಹಾಕದೆ ಬಿಡುತ್ತಾನೆ. ನೀವು ಓದಿದವರು, ಎರಡು ಭಾಷೆ ಬಲ್ಲವರು. ನಿಮ್ಮ ಇಲಾಖೆಯ ನಿಯಮ, ಅದರ ಮೇಲಿನ ಒಂದೆರಡು ತೀರ್ಪು, ಇವನ್ನು ತಿಳಿಗನ್ನಡದಲ್ಲಿ ಎರಡು ಪುಟ ಬರೆದು ಕಚೇರಿಯ ಗೋಡೆಗೆ ಅಂಟಿಸಿ. ನವೆಂಬರಿನಲ್ಲಿ ಬಾವುಟ ಕಟ್ಟುವಷ್ಟೇ ದೊಡ್ಡ ಕೆಲಸ ಅದು.

1994ರಲ್ಲಿ ಅಂಥ ಎರಡು ಪುಟ ನಮ್ಮ ಕಚೇರಿಯ ಗೋಡೆಯ ಮೇಲೆ ಇದ್ದಿದ್ದರೆ ನಾನು ಆ ಪಟ್ಟಿಯನ್ನು ಓದದೆ ಸಹಿ ಹಾಕುತ್ತಿರಲಿಲ್ಲ.

ಇಷ್ಟು ಹೊತ್ತು ಕೇಳಿದಿರಿ. ನಾಳೆ ಬೆಳಿಗ್ಗೆ ಕಚೇರಿಗೆ ಹೋದವರು ಮೊದಲು ನಿಮ್ಮ ಸೇವಾ ಪುಸ್ತಕ ತರಿಸಿ ನೋಡಿ.